ಅತಿಥಿ ಉಪನ್ಯಾಸಕರು ಕಾಯಂ ಏಕಿಲ್ಲ?

ಕರ್ನಾಟಕದ ಸರ್ಕಾರಿ ಕಾಲೇಜುಗಳಲ್ಲಿ ‘ಅತಿಥಿ ಉಪನ್ಯಾಸಕರು’ ಇದ್ದಾರೆ. ಹೆಸರಿಗೆ ಅತಿಥಿ, ಆದರೆ ಎಷ್ಟೋ ಜನ ವರ್ಷಗಟ್ಟಲೆ ಪಾಠ ಮಾಡುತ್ತಾರೆ. ಅವರನ್ನೇ ಕಾಯಂ ಮಾಡಬಾರದೇ ಎಂದು ನೀವು ಕೇಳಬಹುದು.

ಸಂವಿಧಾನದ 16ನೇ ವಿಧಿಯ ಪ್ರಕಾರ ಸರ್ಕಾರಿ ಕೆಲಸದಲ್ಲಿ ಎಲ್ಲರಿಗೂ ಸಮಾನ ಅವಕಾಶ. ಕರ್ನಾಟಕದ ದಿನಗೂಲಿ ನೌಕರರ ಉಮಾದೇವಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2006ರಲ್ಲಿ ಹೇಳಿದ್ದೂ ಇದನ್ನೇ: ಬಹಿರಂಗ ಸ್ಪರ್ಧೆಯಿಲ್ಲದೆ ಸೇರಿದವರು, ಬಹುಕಾಲ ದುಡಿದೆವೆಂಬ ಒಂದೇ ಕಾರಣಕ್ಕೆ ಕಾಯಮಾತಿಯನ್ನು ಹಕ್ಕಾಗಿ ಕೇಳಲಾಗದು. ಅರ್ಜಿ ಹಾಕುವ ಅವಕಾಶವೇ ಸಿಗದವರಿಗೂ ಆ ಹುದ್ದೆಯಲ್ಲಿ ಪಾಲಿದೆಯಲ್ಲವೇ?

ಆದರೆ ಅದೇ ತೀರ್ಪು ಸರ್ಕಾರಕ್ಕೂ ಒಂದು ಮಾತು ಹೇಳಿತು: ಮಂಜೂರಾದ ಖಾಲಿ ಹುದ್ದೆಗಳನ್ನು ಕ್ರಮಬದ್ಧ ನೇಮಕಾತಿಯಿಂದ ತುಂಬಬೇಕು. ಅಧಿಸೂಚನೆಗೆ ಕಾಯುತ್ತಲೇ ವಯೋಮಿತಿ ಮೀರಿಹೋದರೆ, ಒಳಗಿರುವವರಿಗೂ ಹೊರಗಿರುವವರಿಗೂ ಅನ್ಯಾಯವೇ. ಪರೀಕ್ಷೆ ಸರಿಯಾಗಿ ನಡೆದರಷ್ಟೇ ಸಾಲದು, ಸಕಾಲಕ್ಕೂ ನಡೆಯಬೇಕು.