ಅದಿರಿನ ಬೆಟ್ಟಗಳೂ ಅಧಿಕಾರದ ಮುದ್ರೆಯೂ

ಹೊಸಪೇಟೆಯಿಂದ ಬಳ್ಳಾರಿಗೆ ಹೋಗುವ ಮಾರ್ಗದಲ್ಲಿ ಪಾಪಿನಾಯಕನಹಳ್ಳಿಯೆಂಬ ಊರಿದೆ. ಆ ಪ್ರಾಂತದಿಂದ ಸಂಡೂರಿನತ್ತ ಹಬ್ಬಿರುವ ಬೆಟ್ಟಗಳ ಗರ್ಭದಲ್ಲಿ ಉತ್ಕೃಷ್ಟವಾದ ಕಬ್ಬಿಣದ ಅದಿರಿರುವುದು ಸರ್ವವಿದಿತವಷ್ಟೆ. ಇಪ್ಪತ್ತೊಂದನೆಯ ಶತಮಾನದ ಆದಿಯಲ್ಲಿ ಈ ಸೀಮೆಯಲ್ಲಿ ನಡೆದುದು ಬರಿಯ ಕಳವಲ್ಲ. ಕಾವಲಿಗಿದ್ದ ಅಧಿಕಾರವೇ ಕಳವಿಗೆ ಕಾವಲಾದ ವಿಪರೀತ. ಅದು ಹೇಗೆ ಸಾಧ್ಯವಾಯಿತೆಂಬುದನ್ನು ಇಲ್ಲಿ ವಿವೇಚಿಸೋಣ.

ಇಂತಹ ವೃತ್ತಾಂತ ಲೋಕಕ್ಕೆ ಹೊಸದಲ್ಲ. 1823ರಲ್ಲಿ ನ್ಯೂಯಾರ್ಕಿನಲ್ಲಿ ಹುಟ್ಟಿದ ವಿಲಿಯಂ ಟ್ವೀಡನು ನ್ಯಾಯಶಾಸ್ತ್ರವನ್ನು ಕ್ರಮವಾಗಿ ವ್ಯಾಸಂಗ ಮಾಡದೆಯೇ, ಮಿತ್ರನಾದ ನ್ಯಾಯಾಧೀಶನೊಬ್ಬನ ಕೃಪೆಯಿಂದ ವಕೀಲನೆನಿಸಿಕೊಂಡನು. ರಾಜಕೀಯದಲ್ಲಿ ಮೇಲೇರಿ ಪಟ್ಟಣದ ಆಡಳಿತವನ್ನೇ ಕೈವಶ ಮಾಡಿಕೊಂಡನು. ಅಲ್ಲಿ ಕಟ್ಟಿಸುತ್ತಿದ್ದ ನ್ಯಾಯಾಲಯದ ಕಟ್ಟಡಕ್ಕೆ ಗುತ್ತಿಗೆದಾರರು ಹತ್ತಾರು ಪಾಲು ಹಿಗ್ಗಿಸಿದ ಬಿಲ್ಲುಗಳನ್ನು ಒಪ್ಪಿಸುವರು. ಬೊಕ್ಕಸವು ಹಣವನ್ನು ತೆರುವುದು. ಬಹುಭಾಗವು ಟ್ವೀಡನ ಕೂಟಕ್ಕೆ ಸೇರುವುದು. 1871ರಲ್ಲಿ ವೃತ್ತಪತ್ರಿಕೆಯೊಂದು ಆ ಲೆಕ್ಕಗಳನ್ನೇ ಅಚ್ಚುಹಾಕಿದಾಗ ಗುಟ್ಟು ರಟ್ಟಾಯಿತು. 1878ರಲ್ಲಿ ಅವನು ಸೆರೆಮನೆಯಲ್ಲಿ ಸತ್ತನು. ಅವನ ಆಯುಧ ಕತ್ತಿಯಲ್ಲ, ಸರ್ಕಾರದ ಕಾಗದ; ನಾವು ಮುಖ್ಯವಾಗಿ ಗಮನಿಸತಕ್ಕುದು ಇದನ್ನು.

ಬಳ್ಳಾರಿಯಲ್ಲಿ ಆದುದೂ ಇದೇ. ಚೀನಾದೇಶದ ಬೇಡಿಕೆಯಿಂದ ಅದಿರಿನ ಬೆಲೆ ಟನ್ನಿಗೆ ಸಾವಿರಾರು ರೂಪಾಯಿಗೇರಿತು. ಆದರೆ 2009ರ ಆಗಸ್ಟಿನವರೆಗೆ ಸರ್ಕಾರಕ್ಕೆ ಸಲ್ಲುತ್ತಿದ್ದ ರಾಜಧನವು ಅತ್ಯುತ್ತಮವಾದ ಅದಿರಿಗೂ ಟನ್ನಿಗೆ 27 ರೂಪಾಯಿ ಮಾತ್ರ; ಆಮೇಲಷ್ಟೇ ಅದು ಬೆಲೆಯ ಶೇಕಡಾ 10ರಂತೆ ನಿಗದಿಯಾಯಿತು. ಇಷ್ಟು ದೊಡ್ಡ ಅಂತರವಿದ್ದಲ್ಲಿ ಲೋಭವು ಸುಮ್ಮನಿರುವುದುಂಟೆ? ಗುತ್ತಿಗೆಯ ಎಲ್ಲೆ ಮೀರಿ ಅಗೆದರು. ರಹದಾರಿಯಿಲ್ಲದೆ ಲಾರಿಗಳನ್ನು ಓಡಿಸಿದರು. ಮಿತಿಮೀರಿದ ಭಾರವನ್ನು ಹೇರಿದರು. ಗಣಿಯವರು ಅದಿರಿನಲ್ಲಿ ಪಾಲನ್ನೊಪ್ಪಿಸಿದರೆ ಸಾಗಾಣಿಕೆಗೆ ಯಾವ ಅಡ್ಡಿಯೂ ಬಾರದಂತೆ ನೋಡಿಕೊಳ್ಳುವ ಏರ್ಪಾಡೊಂದಿದ್ದುದನ್ನು ಲೋಕಾಯುಕ್ತರ ವರದಿಯು ಬಯಲುಮಾಡಿತು. ಬೇಲೆಕೇರಿ ಬಂದರಿನಲ್ಲಿ 2010ರಲ್ಲಿ ಜಪ್ತಿಯಾಗಿದ್ದ ಅದಿರು ಸಹ ಹಡಗೇರಿ ಹೊರಟುಹೋಯಿತು!

ಲೋಕಾಯುಕ್ತರಾದ ನ್ಯಾಯಮೂರ್ತಿ ಸಂತೋಷ ಹೆಗ್ಡೆಯವರು 2011ರ ಜುಲೈ 27ರಂದು ಒಪ್ಪಿಸಿದ ವರದಿಯು, 2006ರಿಂದ 2010ರವರೆಗೆ ಬೊಕ್ಕಸಕ್ಕಾದ ನಷ್ಟವನ್ನು 16,085 ಕೋಟಿ ರೂಪಾಯಿಯೆಂದು ಅಂದಾಜಿಸಿತು. ಧಾರವಾಡದ ಸಮಾಜ ಪರಿವರ್ತನಾ ಸಮುದಾಯವು ಹೂಡಿದ್ದ ದಾವೆಯಲ್ಲಿ ಸುಪ್ರೀಂ ಕೋರ್ಟು ಎರಡೇ ದಿನಗಳಲ್ಲಿ ಬಳ್ಳಾರಿ ಜಿಲ್ಲೆಯ ಗಣಿಗಾರಿಕೆಯನ್ನು ನಿಲ್ಲಿಸಿತು. 2013ರ ತೀರ್ಪು ಘೋರ ಉಲ್ಲಂಘನೆ ಮಾಡಿದ ಗಣಿಗಳ ಗುತ್ತಿಗೆಯನ್ನು ರದ್ದುಗೊಳಿಸಿ, ಉಳಿದವಕ್ಕೆ ನೆಲವನ್ನು ಪುನಃ ಸುಸ್ಥಿತಿಗೆ ತರುವ ಕರಾರನ್ನು ವಿಧಿಸಿತು. ರಾಜ್ಯದ ಮಂತ್ರಿಗಳಾಗಿದ್ದ ಗಾಲಿ ಜನಾರ್ದನ ರೆಡ್ಡಿಯವರು 2011ರ ಸೆಪ್ಟೆಂಬರಿನಲ್ಲಿ ಬಂಧಿತರಾದರು. ಆಂಧ್ರದ ಗಡಿಯ ಓಬುಳಾಪುರಂ ಗಣಿಗಳ ಮೊಕದ್ದಮೆಯಲ್ಲಿ 2025ರ ಮೇ 6ರಂದು ಹೈದರಾಬಾದಿನ ವಿಶೇಷ ನ್ಯಾಯಾಲಯವು ಅವರಿಗೆ 7 ವರ್ಷಗಳ ಶಿಕ್ಷೆ ವಿಧಿಸಿತು; ಮೇಲ್ಮನವಿಯಾಗಲು ತೆಲಂಗಾಣ ಹೈಕೋರ್ಟು ಜೂನ್ ತಿಂಗಳಿನಲ್ಲಿ ಆ ಶಿಕ್ಷೆಯನ್ನು ಅಮಾನತ್ತಿನಲ್ಲಿರಿಸಿತು. ಬಂಧನಕ್ಕೂ ತೀರ್ಪಿಗೂ ನಡುವೆ ಸುಮಾರು ಹದಿನಾಲ್ಕು ವರ್ಷ!

ನ್ಯಾಯವು ತಡವಾಗಿಯಾದರೂ ಬರಬಹುದು. ಕರಗಿದ ಬೆಟ್ಟವು ಮರಳಿ ಬಾರದು. ಕೆಂಧೂಳು ಮುಸುಕಿದ ಹೊಲದ ರೈತನಿಗೆ ಕೋಟಿಗಳ ಲೆಕ್ಕ ತಿಳಿಯದಿರಬಹುದು; ಬೆಳೆಯ ನಷ್ಟ ಮಾತ್ರ ತಿಳಿಯುತ್ತದೆ. ಟ್ವೀಡನ ಲೆಕ್ಕವನ್ನು ಬಯಲಿಗೆಳೆದುದು ಪತ್ರಿಕೆ. ಬಳ್ಳಾರಿಯ ಲೆಕ್ಕವನ್ನು ಬಯಲಿಗೆಳೆದುದು ಒಬ್ಬ ನಿಷ್ಠ ನ್ಯಾಯಮೂರ್ತಿಯ ವರದಿ, ಕೆಲವು ಪೌರರ ಹಠ. ಬೇಲಿಯೇ ಎದ್ದು ಹೊಲ ಮೇಯುವ ಕಾಲದಲ್ಲಿ ಹೊಲದೊಡೆಯನೇ ಎಚ್ಚರವಾಗಿರಬೇಕು. ಪ್ರಜಾರಾಜ್ಯದಲ್ಲಿ ಆ ಒಡೆಯರು ನಾವೇ. ಸರ್ಕಾರದ ಲೆಕ್ಕವನ್ನು ಓದುವುದೂ ಪ್ರಶ್ನಿಸುವುದೂ ವಿದ್ಯಾವಂತರ ವಿನೋದವಲ್ಲ, ಕರ್ತವ್ಯ.