ರಾಷ್ಟ್ರಪತಿ ಪೀಠದಲ್ಲಿ ಐದೂವರೆ ತಿಂಗಳು

ಮಂಗಳೂರಿನ ಶಾಲೆಗಳಲ್ಲಿ ಓದುತ್ತಿರುವ ನಮ್ಮ ಸಮಾಜದ ಮಕ್ಕಳಿಗೆ ಅಮೆರಿಕದ ಅಧ್ಯಕ್ಷರ ಚರಿತ್ರೆ ಚೆನ್ನಾಗಿ ತಿಳಿದಿರುತ್ತದೆ. ಮರದ ದಿಮ್ಮಿಗಳ ಗುಡಿಸಲಿನಲ್ಲಿ ಹುಟ್ಟಿದ ಅಬ್ರಹಾಂ ಲಿಂಕನ್ನರು 1861ರಲ್ಲಿ ಅಧ್ಯಕ್ಷರಾದುದನ್ನೂ, ಬಟ್ಟೆಯ ಅಂಗಡಿಯಿಟ್ಟು ಕೈಸುಟ್ಟುಕೊಂಡ ಹ್ಯಾರಿ ಟ್ರೂಮನ್ನರು 1945ರಲ್ಲಿ ಅದೇ ಪೀಠವನ್ನೇರಿದುದನ್ನೂ ಅವರು ರಸಪ್ರಶ್ನೆಯ ಉತ್ತರಗಳಂತೆ ಒಪ್ಪಿಸುತ್ತಾರೆ. ಇದರಲ್ಲಿ ದೋಷವೇನೂ ಇಲ್ಲ. ಒಳ್ಳೆಯ ಚರಿತ್ರೆ ಯಾವ ನಾಡಿನದಾದರೂ ಓದತಕ್ಕುದೇ. ಆದರೆ ಜಮಖಂಡಿ ತಾಲ್ಲೂಕಿನ ಸಾವಳಗಿಯಲ್ಲಿ, ಕಿರಾಣಿ ವ್ಯಾಪಾರದ ಮನೆಯಲ್ಲಿ ಹುಟ್ಟಿದ ಲಿಂಗಾಯತ ಬಾಲಕನೊಬ್ಬನು ಭಾರತದ ರಾಷ್ಟ್ರಪತಿಯ ಕರ್ತವ್ಯವನ್ನು ನಿರ್ವಹಿಸಿದ ಸಂಗತಿಯನ್ನು ಕೇಳಿದರೆ ಮಕ್ಕಳಿರಲಿ, ತಂದೆತಾಯಿಗಳೂ ತಡವರಿಸುತ್ತಾರೆ. ತಿಳಿದವರು ಕೂಡ ‘ನಮ್ಮವರೊಬ್ಬರು ರಾಷ್ಟ್ರಪತಿಗಳಾಗಿದ್ದರು’ ಎಂದು ಹೆಮ್ಮೆಪಟ್ಟು ಅಲ್ಲಿಗೇ ನಿಲ್ಲಿಸಿಬಿಡುತ್ತಾರೆ. ಅವರು ಆ ಪೀಠದಲ್ಲಿ ಹೇಗೆ ಕುಳಿತರು, ಹೇಗೆ ಇಳಿದರು ಎಂಬುದನ್ನು ಅರಿಯುವುದು ಹೆಚ್ಚು ಅಗತ್ಯವೆಂದು ನಾವು ಭಾವಿಸಿದ್ದೇವೆ.

ಶ್ರೀ ಬಸಪ್ಪ ದಾನಪ್ಪ ಜತ್ತಿಯವರು ಜನಿಸಿದ್ದು 1912ರ ಸೆಪ್ಟೆಂಬರ್ 10ರಂದು. ಕೊಲ್ಹಾಪುರದ ರಾಜಾರಾಮ ಕಾಲೇಜಿನಲ್ಲಿ ಪದವಿಯನ್ನೂ ಅಲ್ಲಿಯೇ ಕಾನೂನು ಶಿಕ್ಷಣವನ್ನೂ ಪಡೆದು ಜಮಖಂಡಿಯಲ್ಲಿ ವಕೀಲಿ ವೃತ್ತಿಯನ್ನು ಆರಂಭಿಸಿದರು. 1940ರಲ್ಲಿ ಊರ ಪುರಸಭೆಯ ಸದಸ್ಯರು, 1945ರಲ್ಲಿ ಅದರ ಅಧ್ಯಕ್ಷರು. ಮುಂದೆ ಜಮಖಂಡಿ ಸಂಸ್ಥಾನದ ಮಂತ್ರಿಗಳು, ಕೊನೆಗೆ ಅದರ ದಿವಾನರು. 1948ರ ಮಾರ್ಚಿಯಲ್ಲಿ ಸಂಸ್ಥಾನವು ಮುಂಬಯಿ ಪ್ರಾಂತದಲ್ಲಿ ವಿಲೀನವಾದೊಡನೆ ದಿವಾನಗಿರಿ ಮುಗಿಯಿತು. ಜತ್ತಿಯವರು ಮತ್ತೆ ಕರಿಕೋಟು ತೊಟ್ಟು ನ್ಯಾಯಾಲಯಕ್ಕೆ ಹೋದರು. ಕೆಲಕಾಲದ ನಂತರ ಮುಂಬಯಿ ವಿಧಾನಸಭೆಗೆ ನಾಮಕರಣಗೊಂಡು ಮುಖ್ಯಮಂತ್ರಿ ಬಿ. ಜಿ. ಖೇರರ ಸಂಸದೀಯ ಕಾರ್ಯದರ್ಶಿಗಳಾದರು. 1952ರಲ್ಲಿ ಮೊರಾರ್ಜಿ ದೇಸಾಯಿಯವರ ಸರಕಾರದಲ್ಲಿ ಆರೋಗ್ಯ ಮತ್ತು ಕಾರ್ಮಿಕ ಖಾತೆಗಳ ಉಪಮಂತ್ರಿಗಳಾದರು. ಈ ಕಡೆಯ ಸಂಗತಿಯನ್ನು ವಾಚಕರು ನೆನಪಿನಲ್ಲಿಡಬೇಕು.

ಘಟ್ಟದ ಕೆಳಗಿನ ನಮ್ಮ ಜಿಲ್ಲೆಗೆ ಅವರ ಸಂಬಂಧ ಬರುವುದು ಭೂಮಿಯ ವಿಷಯದಲ್ಲಿ. 1956ರ ನವೆಂಬರಿನಲ್ಲಿ ಮದರಾಸಿಗೆ ಸೇರಿದ್ದ ದಕ್ಷಿಣ ಕನ್ನಡವು ಮೈಸೂರು ರಾಜ್ಯಕ್ಕೆ ಬಂದಾಗ ತನ್ನೊಡನೆ ಮೂಲಗೇಣಿ, ಚಾಲಗೇಣಿಗಳ ಹಳೆಯ ಪದ್ಧತಿಯನ್ನೂ ತಂದಿತು. ಹಳೆಯ ಮೈಸೂರಿಗೆ ಒಂದು ಕಾನೂನು, ಮುಂಬಯಿ ಕರ್ನಾಟಕಕ್ಕೆ ಇನ್ನೊಂದು, ಹೈದರಾಬಾದಿನ ಭಾಗಕ್ಕೆ ಮತ್ತೊಂದು, ಕೊಡಗಿಗೆ ಬೇರೆ. ಇವನ್ನೆಲ್ಲ ಒಂದು ಸೂತ್ರಕ್ಕೆ ತರಲು ನೇಮಕಗೊಂಡ ಸಮಿತಿಗೆ ಜತ್ತಿಯವರೇ ಅಧ್ಯಕ್ಷರು. 1958ರ ಮೇ ತಿಂಗಳಲ್ಲಿ ಅವರು ಮುಖ್ಯಮಂತ್ರಿಗಳೂ ಆದರು. ಅವರ ಕಾಲದಲ್ಲಿಯೇ 1961ರ ಭೂಸುಧಾರಣಾ ಕಾನೂನು ರೂಪುಗೊಂಡಿತು. (ಸುರತ್ಕಲ್ಲಿನ ಇಂಜಿನಿಯರಿಂಗ್ ಕಾಲೇಜು 1960ರಲ್ಲಿ ಆರಂಭವಾದುದೂ ಅವರ ಆಡಳಿತದ ಅವಧಿಯಲ್ಲಿಯೇ.) ಅಭಿಮಾನದ ಭರದಲ್ಲಿ ನಾವು ಅತಿಶಯೋಕ್ತಿ ಮಾಡಬಾರದು. ಸ್ವಂತ ಸಾಗುವಳಿಯ ಹೆಸರಿನಲ್ಲಿ ಒಡೆಯರು ಭೂಮಿಯನ್ನು ಮರಳಿ ಪಡೆಯಲು ಆ ಕಾನೂನು ಅವಕಾಶವಿತ್ತಿತು. ಅದು ಜಾರಿಗೆ ಬಂದುದೂ 1965ರಲ್ಲಿ. ಕರಾವಳಿಯ ಗೇಣಿದಾರನು ನಿಜವಾಗಿ ಒಡೆಯನಾದದ್ದು ದೇವರಾಜ ಅರಸರು 1974ರಲ್ಲಿ ತಂದ ತಿದ್ದುಪಡಿಯಿಂದ. ಆದರೆ ಐದು ತುಂಡುಗಳಾಗಿದ್ದ ಕಾನೂನನ್ನು ಒಂದಾಗಿ ಹೊಲಿದ ಶ್ರಮ ಮೊದಲಿನದು. ಆ ಬಟ್ಟೆಯಿಲ್ಲದೆ ಅರಸರ ಕತ್ತರಿಗೆ ಕೆಲಸವಿರುತ್ತಿರಲಿಲ್ಲ.

1962ರಲ್ಲಿ ಮುಖ್ಯಮಂತ್ರಿ ಪದವಿ ಹೋಯಿತು. ಅದೇ ವರ್ಷದ ಜುಲೈಯಲ್ಲಿ ಜತ್ತಿಯವರು ಶ್ರೀ ನಿಜಲಿಂಗಪ್ಪನವರ ಮಂತ್ರಿಮಂಡಲದಲ್ಲಿ ಅರ್ಥಸಚಿವರಾಗಿ ಸೇರಿದರು. ನಾಲ್ಕು ವರ್ಷ ಆಳಿದವರು ಇನ್ನೊಬ್ಬರ ಕೆಳಗೆ ದುಡಿಯುವುದು ಇಂದಿನವರಿಗೆ ಅಪಮಾನವಾಗಿ ತೋರೀತು. ಅಮೆರಿಕದ ಜಾನ್ ಕ್ವಿನ್ಸಿ ಆಡಮ್ಸರು ಅಧ್ಯಕ್ಷಗಿರಿ ಮುಗಿದ ಮೇಲೆ ಸಾಮಾನ್ಯ ಸದಸ್ಯರಾಗಿ ಜನಪ್ರತಿನಿಧಿಗಳ ಸಭೆಗೆ ಹೋಗಿ, 1848ರಲ್ಲಿ ಕೊನೆಯುಸಿರೆಳೆಯುವವರೆಗೂ ಗುಲಾಮಗಿರಿಯ ವಿರುದ್ಧ ವಾದಿಸಿದರು. ಇಂಥವರು ಅಲ್ಲಿಯೂ ವಿರಳ, ಇಲ್ಲಿಯೂ ವಿರಳ.

ಮುಂದೆ ಪಾಂಡಿಚೇರಿಯ ಉಪರಾಜ್ಯಪಾಲರು, ಒರಿಸ್ಸಾದ ರಾಜ್ಯಪಾಲರು. 1974ರ ಆಗಸ್ಟಿನಲ್ಲಿ ಉಪರಾಷ್ಟ್ರಪತಿಗಳು. 1977ರ ಫೆಬ್ರವರಿ 11ರಂದು ರಾಷ್ಟ್ರಪತಿ ಫಕ್ರುದ್ದೀನ್ ಅಲಿ ಅಹಮದರು ನಿಧನರಾದರು. ಅಂದೇ ಜತ್ತಿಯವರು ಹಂಗಾಮಿ ರಾಷ್ಟ್ರಪತಿಗಳಾದರು.

ಈ ‘ಹಂಗಾಮಿ’ ಎಂಬ ಮಾತಿನ ಹಿಂದೆ ಎರಡು ದೇಶಗಳ ಎರಡು ಸಂಪ್ರದಾಯಗಳಿವೆ. 1841ರಲ್ಲಿ ಅಮೆರಿಕದ ಅಧ್ಯಕ್ಷ ವಿಲಿಯಂ ಹೆನ್ರಿ ಹ್ಯಾರಿಸನ್ನರು ಅಧಿಕಾರಕ್ಕೆ ಬಂದ ಒಂದೇ ತಿಂಗಳಲ್ಲಿ ತೀರಿಕೊಂಡಾಗ ಉಪಾಧ್ಯಕ್ಷ ಜಾನ್ ಟೈಲರರು ತಾವು ಪೂರ್ಣ ಅಧ್ಯಕ್ಷರೆಂದೇ ಸಾಧಿಸಿದರು. ‘ಹಂಗಾಮಿ ಅಧ್ಯಕ್ಷ’ ಎಂದು ವಿಳಾಸ ಬರೆದ ಪತ್ರಗಳನ್ನು ಒಡೆಯದೆ ಹಿಂದಿರುಗಿಸಿದರು. ಅಂದಿನಿಂದ ಅಲ್ಲಿ ಅದೇ ಪದ್ಧತಿ. 1967ರ ತಿದ್ದುಪಡಿ ಅದನ್ನು ಸಂವಿಧಾನದಲ್ಲಿಯೇ ಬರೆಯಿತು. ನಮ್ಮ ಸಂವಿಧಾನದಲ್ಲಿ ಹಾಗಿಲ್ಲ. ಆರು ತಿಂಗಳೊಳಗೆ ಹೊಸ ರಾಷ್ಟ್ರಪತಿಯ ಚುನಾವಣೆ ನಡೆಯಲೇಬೇಕು. ಅಲ್ಲಿಯವರೆಗೆ ಉಪರಾಷ್ಟ್ರಪತಿಯು ಕರ್ತವ್ಯವನ್ನು ಮಾತ್ರ ನಿರ್ವಹಿಸುತ್ತಾನೆ. ಮಠದ ಗುರುಗಳು ಲಿಂಗೈಕ್ಯರಾಗಿ ಉತ್ತರಾಧಿಕಾರಿಗೆ ಪಟ್ಟವಾಗುವವರೆಗೆ ಹಿರಿಯ ಜಂಗಮರೊಬ್ಬರು ಪೂಜೆ, ದಾಸೋಹ, ಲೆಕ್ಕಪತ್ರಗಳನ್ನು ನೋಡಿಕೊಳ್ಳುವುದುಂಟಷ್ಟೆ. ಜತ್ತಿಯವರ ಸ್ಥಿತಿಯೂ ಅಂಥದೇ.

ಕಾಲವಾದರೋ ಶಾಂತವಾದುದಾಗಿರಲಿಲ್ಲ. ಮಾರ್ಚಿಯ ಚುನಾವಣೆಯಲ್ಲಿ ಶ್ರೀಮತಿ ಇಂದಿರಾ ಗಾಂಧಿಯವರ ಪಕ್ಷ ಸೋತಿತು. 21ರಂದು ತುರ್ತು ಪರಿಸ್ಥಿತಿಯ ಹಿಂತೆಗೆತ, ಮರುದಿನ ಇಂದಿರಾ ಅವರ ರಾಜೀನಾಮೆಯ ಅಂಗೀಕಾರ, 24ರಂದು ಹೊಸ ಪ್ರಧಾನಿಗೆ ಪ್ರಮಾಣವಚನ. ಮೂರೂ ಜತ್ತಿಯವರ ಹಸ್ತದಿಂದಲೇ ಆದುವು. ಆ ಹೊಸ ಪ್ರಧಾನಿ ಮೊರಾರ್ಜಿ ದೇಸಾಯಿಯವರು. ಇಪ್ಪತ್ತೈದು ವರ್ಷಗಳ ಹಿಂದೆ ತಮ್ಮ ಮುಖ್ಯಮಂತ್ರಿಗಳಾಗಿದ್ದವರಿಗೆ ಉಪಮಂತ್ರಿಗಳಾಗಿದ್ದವರು ಪ್ರಮಾಣವಚನ ಬೋಧಿಸಿದರು.

ನಿಜವಾದ ಪರೀಕ್ಷೆ ಬಂದದ್ದು ಏಪ್ರಿಲಿನಲ್ಲಿ. ಕಾಂಗ್ರೆಸ್ ಆಡಳಿತವಿದ್ದ ಒಂಬತ್ತು ರಾಜ್ಯಗಳ ವಿಧಾನಸಭೆಗಳನ್ನು ವಿಸರ್ಜಿಸಬೇಕೆಂದು ಜನತಾ ಸರಕಾರ ಬಯಸಿತು. ಕೆಲವು ರಾಜ್ಯಗಳು ಸರ್ವೋಚ್ಚ ನ್ಯಾಯಾಲಯದ ಮೊರೆಹೊಕ್ಕವು. ಏಪ್ರಿಲ್ 29ರಂದು ನ್ಯಾಯಾಲಯವು ಅವರ ದಾವೆಗಳನ್ನು ವಜಾಮಾಡಿತು. ಸಂಪುಟದ ಸಲಹೆ ಬಂದಾಗ ಜತ್ತಿಯವರು ಒಡನೆಯೇ ಸಹಿ ಹಾಕಲಿಲ್ಲ. ಅವರು ಹಳೆಯ ಪಕ್ಷದ ಋಣ ತೀರಿಸುತ್ತಿದ್ದಾರೆಂದು ಕೋಲಾಹಲವೆದ್ದಿತು. ಮರುದಿನ, 30ರಂದು, ಅವರು ಸಹಿ ಹಾಕಿದರು.

ಈ ವಿಳಂಬವನ್ನು ಕುರಿತು ನಮ್ಮ ಅಭಿಪ್ರಾಯ ಹೀಗಿದೆ. 1976ರ ನಲವತ್ತೆರಡನೆಯ ತಿದ್ದುಪಡಿಯು ಮಂತ್ರಿಮಂಡಲದ ಸಲಹೆಯಂತೆ ರಾಷ್ಟ್ರಪತಿ ನಡೆಯಲೇಬೇಕೆಂದು ವಿಧಿಸಿತ್ತು; ಮರುಪರಿಶೀಲನೆಗೆ ಹಿಂದಿರುಗಿಸುವ ಮಾರ್ಗವನ್ನು ಅದು ಹೇಳಿರಲಿಲ್ಲ. ಆದ್ದರಿಂದ ಸಹಿ ಹಾಕದೇ ಇದ್ದಿದ್ದರೆ ಅದು ತಪ್ಪಾಗುತ್ತಿತ್ತು. ಆದರೆ ಒಂಬತ್ತು ಶಾಸನಸಭೆಗಳು ಒಂದೇ ಲೇಖನಿಯಿಂದ ಅಳಿಯುವಾಗ ಒಂದು ರಾತ್ರಿ ಯೋಚಿಸಿದವರನ್ನು ನಿಂದಿಸಲು ನಮಗೆ ಮನಸ್ಸಾಗದು. 1975ರ ಜೂನ್ 25ರ ರಾತ್ರಿ ತುರ್ತು ಪರಿಸ್ಥಿತಿಯ ಘೋಷಣೆಗೆ ಬಿದ್ದ ಸಹಿ, ಸಂಪುಟ ಸಭೆ ಸೇರುವುದಕ್ಕೂ ಮೊದಲೇ ಬಿದ್ದಿತ್ತಲ್ಲವೇ? ಅಂದು ಇಂಥದೊಂದು ವಿಳಂಬವಾಗಿದ್ದರೆ ಎಂದು ಯಾರಿಗಾದರೂ ಅನಿಸೀತು. 1978ರ ನಲವತ್ತನಾಲ್ಕನೆಯ ತಿದ್ದುಪಡಿಯು ಸಲಹೆಯನ್ನು ಒಮ್ಮೆ ಮರುಪರಿಶೀಲನೆಗೆ ಕಳುಹಿಸುವ ಅಧಿಕಾರವನ್ನು ರಾಷ್ಟ್ರಪತಿಗೆ ಕೊಟ್ಟಿತು. ಅದನ್ನು ತಂದುದೂ ಅದೇ ಜನತಾ ಸರಕಾರವೇ.

ಜುಲೈ 25ರಂದು ಅವಿರೋಧವಾಗಿ ಆಯ್ಕೆಯಾದ ನೀಲಂ ಸಂಜೀವ ರೆಡ್ಡಿಯವರು ಅಧಿಕಾರ ವಹಿಸಿಕೊಂಡರು. 1969ರಲ್ಲಿ ನಿಜಲಿಂಗಪ್ಪನವರು ಕಾಂಗ್ರೆಸ್ ಅಧ್ಯಕ್ಷರಾಗಿದ್ದಾಗ ಪಕ್ಷದ ಅಭ್ಯರ್ಥಿಯಾಗಿ ಸೋತಿದ್ದವರು ಇವರೇ. ಜತ್ತಿಯವರು ರಾಷ್ಟ್ರಪತಿ ಭವನದಿಂದ ಮತ್ತೆ ರಾಜ್ಯಸಭೆಯ ಸಭಾಪತಿಯ ಆಸನಕ್ಕೆ ಮರಳಿ, 1979ರ ಆಗಸ್ಟಿನಲ್ಲಿ ಅವಧಿ ಮುಗಿಯುವವರೆಗೆ ಅಲ್ಲಿ ಕೆಲಸಮಾಡಿದರು.

ಇವೆಲ್ಲವುಗಳ ನಡುವೆ ಒಂದು ಕಾಯಕ ಮಾತ್ರ ಹುದ್ದೆಗಳೊಡನೆ ಬಂದು ಹೋಗಲಿಲ್ಲ. 1964ರಲ್ಲಿ ಬೆಂಗಳೂರಿನಲ್ಲಿ ಅವರು ಸ್ಥಾಪಿಸಿದ ಬಸವ ಸಮಿತಿಗೆ ಅಂದು ಚುನಾವಣೆಯೂ ಇರಲಿಲ್ಲ, ಅವಧಿಯೂ ಇರಲಿಲ್ಲ. ಶರಣರ ವಚನಗಳು ಕನ್ನಡದ ಗಡಿಯೊಳಗೇ ಉಳಿಯಬಾರದೆಂಬ ಹಂಬಲ ಆ ಸಂಸ್ಥೆಯದು. ಜತ್ತಿಯವರು 2002ರ ಜೂನ್ 7ರಂದು ಲಿಂಗೈಕ್ಯರಾದರು. ಸಮಿತಿಯು ಸಿದ್ಧಪಡಿಸಿದ, ಇಪ್ಪತ್ತಮೂರು ಭಾಷೆಗಳ ವಚನ ಸಂಪುಟಗಳು 2017ರ ಬಸವ ಜಯಂತಿಯಂದು ದಿಲ್ಲಿಯಲ್ಲಿ ಬಿಡುಗಡೆಯಾದವು.