ಬೋರಲು ಹಾಕಿದರೂ ಬೀಳದ ಮೊಸರು, ನಾಲ್ಕು ತಾಲ್ಲೂಕಿನ ಹಣ್ಣು

ವಿಜಯಪುರದಿಂದ ಹುಬ್ಬಳ್ಳಿ ಕಡೆಗೆ ಹೊರಟ ಬಸ್ಸು ಕೊಲ್ಹಾರದಲ್ಲಿ ನಿಂತಾಗ ಕಿಟಕಿಯ ಮಟ್ಟಕ್ಕೆ ಒಂದು ಬುಟ್ಟಿ ಏಳುತ್ತದೆ. ಬುಟ್ಟಿಯಲ್ಲಿ ಸಣ್ಣ ಸಣ್ಣ ಮಣ್ಣಿನ ಗಡಿಗೆ, ಗಡಿಗೆಯ ಬಾಯಿಗೆ ಕೆನೆ ಕಟ್ಟಿದ ಮೊಸರು. ಹೊಸ ಗಿರಾಕಿ ಅನುಮಾನಪಟ್ಟರೆ ಮಾರುವಾಕೆ ಮಾತು ಬೆಳೆಸುವುದಿಲ್ಲ. ‘ನೋಡ್ರಿ ಇಲ್ಲಿ’ ಎಂದು ಗಡಿಗೆಯನ್ನು ಬೋರಲು ಹಿಡಿಯುತ್ತಾಳೆ. ಮೊಸರು ಬೀಳುವುದಿಲ್ಲ. ಅರಿವೆಯಲ್ಲಿ ಗಂಟು ಕಟ್ಟಿಕೊಂಡು ಊರಿಗೆ ಒಯ್ಯಬಹುದು ಎಂಬ ಮಾತು ಈ ಮೊಸರಿನ ಬಗ್ಗೆ ಹಳೆಯದು, ಒಯ್ದವರೂ ಇದ್ದಾರೆ.

ಈ ಮೊಸರಿಗೆ ಜೋಡಿ ಯಾವುದು ಎಂದರೆ ವಿಜಯಪುರ ಜಿಲ್ಲೆಯ ಯಾರೇ ಆಗಲಿ ಖಡಕ್ ರೊಟ್ಟಿ, ಶೇಂಗಾ ಹಿಂಡಿ ಅನ್ನುತ್ತಾರೆ. ತಕರಾರಿಲ್ಲ. ಆದರೆ ಇನ್ನೊಂದು ಜೋಡಿಯೂ ಇದೆ, ಅದು ಮಗ್ಗುಲಲ್ಲೇ ಬೆಳೆದು ನಿಂತಿದೆ: ಹಣ್ಣು.

ನಮ್ಮ ಮದುವೆ ಪಂಗತಿಗಳಲ್ಲಿ ‘ಫ್ರೂಟ್ ಸಲಾಡ್’ ಎಂದರೆ ಕಸ್ಟರ್ಡ್ ಪುಡಿ ಕುದಿಸಿದ ಹಳದಿ ಹಾಲು, ಅದರಲ್ಲಿ ತೇಲುವ ಸೇಬಿನ ಚೂರು. ಆ ಪುಡಿಯನ್ನು 1837ರಲ್ಲಿ ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮ್‌ನಲ್ಲಿ ಆಲ್ಫ್ರೆಡ್ ಬರ್ಡ್ ಎಂಬ ಔಷಧಿ ಅಂಗಡಿಯವನು ಮಾಡಿದ್ದು, ಮೊಟ್ಟೆ ಮೈಗೆ ಒಗ್ಗದ ತನ್ನ ಹೆಂಡತಿಗಾಗಿ. ಮೊಟ್ಟೆ ಒಗ್ಗದವಳ ಪುಡಿ ಮೊಟ್ಟೆ ಮುಟ್ಟದವರ ಪಂಗತಿಗೆ ಬಂದು ಸೇರಿದ್ದು ಚೆಂದವೇ. ಆದರೂ ಬಸವನ ಬಾಗೇವಾಡಿಯ ಮಂಗಲ ಕಾರ್ಯಾಲಯದಲ್ಲಿ ಕೂತು, ಎಲ್ಲಿಂದಲೋ ಬಂದ ಸೇಬನ್ನು ಆ ಪುಡಿಯ ಮೆಕ್ಕೆಜೋಳದ ಗಂಜಿಯಲ್ಲಿ ಮುಳುಗಿಸಿ ತಿನ್ನುವಾಗ ನನಗೆ ಹೊಟ್ಟೆಗಿಂತ ಮೊದಲು ಮನಸ್ಸು ಕೆಡುತ್ತದೆ.

ಯಾಕೆಂದರೆ ಮೊಸರಿಗೆ ಸಿಹಿ ಕೂಡಿಸುವ ವಿದ್ಯೆ ಈ ಸೀಮೆಗೆ ಹೊರಗಿನದಲ್ಲ. ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರ 1130ರ ಆಸುಪಾಸಿನಲ್ಲಿ ಬರೆಸಿದ ‘ಮಾನಸೋಲ್ಲಾಸ’ದ ಊಟದ ಭಾಗದಲ್ಲಿ ಮೊಸರು, ಸಕ್ಕರೆ, ಪರಿಮಳದ ಸಾಮಾನು ಕೂಡಿದ ಶಿಖರಿಣಿ ಬರುತ್ತದೆ. ಹೆಸರಿನಲ್ಲಿ ಅದರ ಬಂಧುವಿನಂತೆ ಕೇಳಿಸುವ ಸೀಕರಣಿ ಇವತ್ತೂ ನಮ್ಮ ಮನೆಗಳಲ್ಲಿದೆ: ಬಾಳೆಹಣ್ಣನ್ನೋ ಮಾವಿನಹಣ್ಣನ್ನೋ ಕಿವುಚಿ, ಹಾಲು ಸಕ್ಕರೆ ಏಲಕ್ಕಿ ಬೆರೆಸಿ, ಚಪಾತಿಯ ಜೊತೆ. ಅರಿವೆಯಲ್ಲಿ ಕಟ್ಟಿ ನೀರಿಳಿಸಿದ ಮೊಸರಿನ ಚಕ್ಕಾ, ಅದರಿಂದಾಗುವ ಶ್ರೀಖಂಡವೂ ಇದೆ. ಸೀಕರಣಿಯ ಹಣ್ಣು, ಶ್ರೀಖಂಡದ ಮೊಸರು, ಇವೆರಡರ ನಡುವೆ ಎಲ್ಲೋ ಒಂದು ಕಡೆ ನಾನು ಹೇಳುತ್ತಿರುವ ತಿನಿಸು ಕೂತಿದೆ. ಅದಕ್ಕೆ ಬೇಕಾದರೆ ಹಣ್ಣಿನ ಮೊಸರುಗಲಸು ಅನ್ನಿ, ಫ್ರೂಟ್ ಸಲಾಡ್ ಅಂದರೂ ಹಣ್ಣು ಸಿಟ್ಟಾಗುವುದಿಲ್ಲ.

ಈ ಅಡುಗೆಯ ಗುಟ್ಟೆಲ್ಲ ನೀರಿನ ಲೆಕ್ಕದಲ್ಲಿದೆ. ಕೊಲ್ಹಾರದ ಮೊಸರಿನಿಂದಲೇ ಲೆಕ್ಕ ಶುರುವಾಗುತ್ತದೆ. ಎಮ್ಮೆಯ ಹಾಲು, ಅದರಲ್ಲಿ ಜಿಡ್ಡೇ ನೂರಕ್ಕೆ ಆರೇಳು ಪಾಲು, ಆಕಳ ಹಾಲಿಗಿಂತ ಹೆಚ್ಚು. ಅದನ್ನು ಬರೀ ಉಕ್ಕು ಬರಿಸಿ ಇಳಿಸುವುದಿಲ್ಲ. ಸಣ್ಣ ಉರಿಯಲ್ಲಿ ಕಾಸಿ ಕಾಸಿ ಬತ್ತಿಸುತ್ತಾರೆ. ಅಲ್ಲಿಗೆ ಒಂದಿಷ್ಟು ನೀರು ಆವಿಯಾಗಿ ಹೋಯಿತು. ಬೆಚ್ಚಗಾದ ಮೇಲೆ ಹೆಪ್ಪು ಹಾಕಿ ಗಡಿಗೆಗೆ ಹೊಯ್ದರೆ ಉಳಿದ ಕೆಲಸ ಮಣ್ಣಿನದು. ಸುಟ್ಟ ಮಣ್ಣಿಗೆ ಕಾಣದಷ್ಟು ಸಣ್ಣ ರಂಧ್ರಗಳಿರುತ್ತವೆ. ಅವು ಮೊಸರಿನ ನೀರನ್ನು ಹೀರಿ ಹೊರಗೆ ಬಿಡುತ್ತವೆ, ಆ ನೀರು ಆರುತ್ತ ಗಡಿಗೆಯನ್ನು ತಂಪಾಗಿಡುತ್ತದೆ. ತಂಪಿನಲ್ಲಿ ಹುಳಿ ಬೇಗ ಏರುವುದಿಲ್ಲ. ಅದೇ ಮೊಸರನ್ನು ಸ್ಟೀಲ್ ಡಬ್ಬಿಯಲ್ಲಿ ಹೆಪ್ಪು ಹಾಕಿ ನೋಡಿ, ರುಚಿ ಬಂದೀತು, ಬೋರಲು ಹಿಡಿಯುವ ಧೈರ್ಯ ಬರಲಿಕ್ಕಿಲ್ಲ.

ಕೊಲ್ಹಾರ ಈಗ ಸ್ವತಃ ಒಂದು ತಾಲ್ಲೂಕು, ಮೊದಲು ಬಸವನ ಬಾಗೇವಾಡಿಗೆ ಸೇರಿತ್ತು. ಹಳೆಯ ಕೊಲ್ಹಾರ ಕೃಷ್ಣೆಯ ದಂಡೆಯಲ್ಲಿತ್ತು. 1964ರ ಮೇ 22ರಂದು ಲಾಲ್ ಬಹದ್ದೂರ್ ಶಾಸ್ತ್ರಿಯವರು ಅಡಿಗಲ್ಲು ಇಟ್ಟ ಆಲಮಟ್ಟಿ ಅಣೆಕಟ್ಟು ದಶಕಗಳ ಮೇಲೆ ಪೂರ್ತಿಯಾಗಿ, 2006ರಲ್ಲಿ ರಾಷ್ಟ್ರಪತಿ ಅಬ್ದುಲ್ ಕಲಾಂ ಅದನ್ನು ನಾಡಿಗೆ ಅರ್ಪಿಸುವ ಹೊತ್ತಿಗೆ ಹಳೆಯ ಊರು ಹಿನ್ನೀರಿಗೆ ಸೇರಿಹೋಗಿತ್ತು. ಮನೆ, ಓಣಿ, ಗುಡಿ ಬಿಟ್ಟು ಎತ್ತರಕ್ಕೆ ಬಂದ ಜನ ಹೆಪ್ಪನ್ನು ಮಾತ್ರ ಬಿಟ್ಟುಬರಲಿಲ್ಲ. ಹೊಳೆದಂಡೆಯ ಮೇವು ತಿಂದ ಎಮ್ಮೆಯ ಹಾಲೇ ಬೇರೆ ಎಂದು ಹಳಬರು ಹೇಳುವುದನ್ನು ಕೇಳಬಹುದು. ಇರಬಹುದು. ಮುಳುಗಿದ ಊರಿನ ಮೊಸರಿಗೆ ಸರಿಸಾಟಿ ತರುವುದು ಯಾವ ಎಮ್ಮೆಗೂ ಕಷ್ಟ.

ಇನ್ನು ಹಣ್ಣು. ಅಲ್ಲೂ ನೀರಿನ ಮಾತೇ. ಐದು ಹೊಳೆಗಳ ಜಿಲ್ಲೆ ಎಂದು ಹೆಸರು, ವರ್ಷದ ಮಳೆ ಮಾತ್ರ 600 ಮಿಲಿಮೀಟರ್ ಆಸುಪಾಸು. ಆ ಹೊಳೆಗಳಲ್ಲೊಂದು ಡೋಣಿ; ‘ಡೋಣಿ ಬೆಳೆದರೆ ಓಣಿಯೆಲ್ಲ ಕಾಳು’ ಎಂಬ ಗಾದೆಯ ನಾಡಿದು. ಬಿಳಿಜೋಳದ, ಕಡಲೆಯ ನಾಡು. ಹಣ್ಣಿನ ತೋಟ ಇಲ್ಲಿ ಬಾವಿ, ಬೋರು, ಹನಿ ನೀರಾವರಿಯನ್ನು ನಂಬಿ ಬೆಳೆದದ್ದು, ಕೆಲವು ಬೇಸಿಗೆಗಳಲ್ಲಿ ಟ್ಯಾಂಕರನ್ನೂ ನಂಬಿ. ಇಂಡಿ ತಾಲ್ಲೂಕಿನ ಕಾಗಜಿ ಲಿಂಬೆಯನ್ನೇ ತಗೊಳ್ಳಿ. ಕಾಗದದಂಥ ತೆಳು ಸಿಪ್ಪೆ, ಹಿಂಡಿದರೆ ಕೈಗೆ ವಾಸನೆ ಅಂಟಿಕೊಳ್ಳುವಷ್ಟು ಎಣ್ಣೆ, ತುಂಬ ರಸ. ಇಂಡಿ, ಸಿಂದಗಿ ಭಾಗದ ತೋಟಗಳಿಂದ ದೂರದ ಪೇಟೆಗಳಿಗೆ ಹೋಗುತ್ತದೆ. ರಾಜ್ಯದ ಲಿಂಬೆ ಅಭಿವೃದ್ಧಿ ಮಂಡಳಿಯ ಕಚೇರಿ ಇರುವುದೂ ಇಂಡಿಯಲ್ಲೇ. ಜಿಐ (ಭೌಗೋಳಿಕ ಸೂಚಿಕೆ) ಮಾನ್ಯತೆ ಪಡೆದ ಈ ಲಿಂಬೆ 2025ರಲ್ಲಿ ಯುಎಇಗೂ ಹೋಯಿತು.

ಇಲ್ಲಿಯ ತೋಟಗಾರರ ಬಾಯಲ್ಲಿ ದಿನಕ್ಕೆ ಹತ್ತು ಸಲ ಬರುವ ಶಬ್ದ ‘ಬಹಾರ’. ಪಾರಸಿಯಲ್ಲಿ ವಸಂತ ಎಂದರ್ಥ. ಆದಿಲಶಾಹಿಯ ಊರಿನ ಆಸುಪಾಸಿಗೆ ಒಪ್ಪುವ ಶಬ್ದ. ಆದರೆ ಈ ವಸಂತ ತಾನಾಗಿ ಬರುವುದಿಲ್ಲ, ತರಿಸಬೇಕು. ದಾಳಿಂಬೆ ಗಿಡಕ್ಕೆ ತಿಂಗಳುಗಟ್ಟಲೆ ನೀರು ನಿಲ್ಲಿಸುತ್ತಾರೆ. ಗಿಡ ಬಾಡಿ ಎಲೆ ಉದುರಿಸುತ್ತದೆ. ಆಮೇಲೆ ಗೊಬ್ಬರ ಕೊಟ್ಟು ನೀರು ಬಿಟ್ಟರೆ ಮೈತುಂಬ ಹೂವು. ಬೇಸಿಗೆಗೆ ಮುಂಚೆ ಹೂ ಬಿಡಿಸಿದರೆ ಅಂಬೆ ಬಹಾರ, ಮಳೆಗಾಲದ ಮೊದಲಿಗೆ ಮೃಗ ಬಹಾರ, ಹಿಂಗಾರಿಗೆ ಹಸ್ತ ಬಹಾರ. ಲಿಂಬೆಗೂ ಇದೇ ಭಾಷೆ. ಬಿಸಿಲು ನೆತ್ತಿಗೇರಿ ಶರಬತ್ತಿನ ಗಾಡಿಗಳು ಬೀದಿಗಿಳಿದಾಗ ಕಾಯಿ ಕೈಗೆ ಬರಬೇಕು, ರೇಟು ಇರುವುದು ಆಗಲೇ. ಬಾಯಾರಿಸಿದರೆ ಹೂ ಬಿಡುತ್ತದೆ ಎಂಬುದನ್ನು ಬಾಯಾರಿದ ಸೀಮೆಯ ರೈತನಿಗೆ ಯಾರೂ ಕಲಿಸಬೇಕಾಗಿರಲಿಲ್ಲ.

ದ್ರಾಕ್ಷಿಯ ಸಂಗತಿ ಇನ್ನೊಂದು ಬಗೆ. ಜಿಲ್ಲೆಯ ಥಾಮ್ಸನ್ ಸೀಡ್‌ಲೆಸ್ ಬೆಳೆಯಲ್ಲಿ ದೊಡ್ಡ ಪಾಲು ಹಣ್ಣಾಗಿ ಪೇಟೆಗೆ ಹೋಗುವುದಿಲ್ಲ, ಒಣದ್ರಾಕ್ಷಿಯಾಗುತ್ತದೆ. ಕೊಯ್ದ ಗೊನೆಗಳನ್ನು ಪೊಟ್ಯಾಸಿಯಂ ಕಾರ್ಬೊನೇಟ್ ಮತ್ತು ಡಿಪ್ಪಿಂಗ್ ಎಣ್ಣೆ ಕಲಸಿದ ನೀರಿನಲ್ಲಿ ಅದ್ದಿ, ಶೆಡ್ಡಿನ ನೆರಳಿನಲ್ಲಿ ಬಲೆಗಳ ಮೇಲೆ ಹರವುತ್ತಾರೆ. ಹಣ್ಣಿನ ಮೇಲಿನ ಮೇಣ ಸಡಿಲಾಗಿ ಒಳಗಿನ ನೀರಿಗೆ ದಾರಿ ಸಿಗುತ್ತದೆ, ಹದಿನೈದು ದಿನದ ಒಣಗಾಳಿ ಉಳಿದದ್ದನ್ನು ನೋಡಿಕೊಳ್ಳುತ್ತದೆ. ಉಳಿದ ಹಣ್ಣುಗಳದ್ದು ಕಾಲುವೆಯ ಕಥೆ. ಆಲಮಟ್ಟಿಯಿಂದ ಮುಳವಾಡ, ಚಿಮ್ಮಲಗಿ ಏತ ನೀರಾವರಿ ಕಾಲುವೆಗಳು ಬಸವನ ಬಾಗೇವಾಡಿ, ಸಿಂದಗಿ, ಮುದ್ದೇಬಿಹಾಳ ಕಡೆಗೆ ನೀರು ತಂದ ಮೇಲೆ ಜೋಳದ ಹೊಲದ ನಡುವೆ ಬಾಳೆ, ಪಪ್ಪಾಯಿ, ಪೇರಲದ ಹಸಿರು ಅಲ್ಲಲ್ಲಿ ಕಾಣುತ್ತಿದೆ.

ಈಗ ಕೈ ತೊಳೆದುಕೊಳ್ಳಿ. ಆರು ಜನಕ್ಕೆ ಅರ್ಧ ಕಿಲೋ ಗಡಿಗೆ ಮೊಸರು. ಊರಲ್ಲಿ ಕೊಲ್ಹಾರದ್ದು ಸಿಗದಿದ್ದರೆ ಎಂಟು ನೂರು ಗ್ರಾಂ ಸಾದಾ ಮೊಸರನ್ನು ತೆಳು ಅರಿವೆಯಲ್ಲಿ ಕಟ್ಟಿ ಎರಡು ತಾಸು ತೂಗಹಾಕಿ. ಇಳಿದ ನೀರಿನಲ್ಲಿ ಚಪಾತಿ ಹಿಟ್ಟು ನಾದಬಹುದು. ಮೊಸರಿಗೆ ನಾಲ್ಕು ಚಮಚ ಪುಡಿ ಸಕ್ಕರೆ, ನಾಲ್ಕು ಏಲಕ್ಕಿಯ ಪುಡಿ, ಚಿಟಿಕೆ ಉಪ್ಪು ಹಾಕಿ ಕಡಗೋಲಿನಿಂದ ಮೃದುವಾಗಿ ತಿರುವಿ. ಜೋರಾಗಿ ಕಡೆದರೆ ಎಮ್ಮೆ ಮೊಸರು ಬೆಣ್ಣೆ ಬಿಡುವ ಆಸೆ ತೋರಿಸುತ್ತದೆ. ಒಂದು ಇಂಡಿ ಲಿಂಬೆಯ ಹಸಿರು ಸಿಪ್ಪೆಯನ್ನು ಮೇಲುಮೇಲೆ ತುರಿದು ಸೇರಿಸಿ. ಬಿಳಿ ಭಾಗಕ್ಕೆ ಇಳಿಯಬೇಡಿ, ಅದು ಕಹಿ. ರಸವನ್ನು ಮೊಸರಿಗೆ ಹಿಂಡಬೇಡಿ. ಅದರ ಕೆಲಸ ಬೇರೆ ಇದೆ.

ಎರಡು ರಾಜಾಪುರಿ ಬಾಳೆ, ಎರಡು ಚಿಕ್ಕು, ಬೀಜದ ತಿರುಳು ತೆಗೆದ ಒಂದು ಪೇರಲ ಹೆಚ್ಚಿ. ಆ ಲಿಂಬೆಯ ರಸವನ್ನು ಇವುಗಳ ಮೇಲೆ ಚಿಮುಕಿಸಿದರೆ ಬಾಳೆ, ಪೇರಲ ಕಪ್ಪಗಾಗುವುದಿಲ್ಲ. ದ್ರಾಕ್ಷಿಯನ್ನು ತೊಳೆದು, ಅರಿವೆಯಿಂದ ಒರೆಸಿ, ಎರಡು ಹೋಳು ಮಾಡಿ. ಒರೆಸುವುದು ಮಡಿವಂತಿಕೆ ಎಂದು ಬಿಟ್ಟರೆ ಬಟ್ಟಲಿನ ತಳದಲ್ಲಿ ಮಜ್ಜಿಗೆ ನಿಲ್ಲುತ್ತದೆ. ಸಕ್ಕರೆಯನ್ನು ಹಣ್ಣಿನ ಮೇಲೆ ಉದುರಿಸುವುದೂ ತಪ್ಪು. ಅದು ಹಣ್ಣಿನೊಳಗಿನ ನೀರನ್ನು ಎಳೆದು ಹೊರಗೆ ಹಾಕುತ್ತದೆ. ಬದಲಿಗೆ ಒಂದು ಹಿಡಿ ಒಣದ್ರಾಕ್ಷಿಯನ್ನು ಒಣಗಿದ್ದಂತೆಯೇ ಹಾಕಿ. ಶೆಡ್ಡಿನಲ್ಲಿ ನೀರು ಕಳೆದುಕೊಂಡ ಹಣ್ಣು ಬಟ್ಟಲಿನಲ್ಲಿ ಹೆಚ್ಚಾದ ನೀರನ್ನು ಕುಡಿದು ಉಬ್ಬುತ್ತದೆ.

ಪಪ್ಪಾಯಿಯ ವಿಷಯದಲ್ಲಿ ನಾನು ಏಟು ತಿಂದವನು. ಮನೆಗೆ ಬೀಗರು ಬರುವ ದಿನ ಬೆಳಿಗ್ಗೆಯೇ ಎಲ್ಲ ಕಲಸಿ ಫ್ರಿಜ್ಜಿನಲ್ಲಿಟ್ಟಿದ್ದೆ. ಮಧ್ಯಾಹ್ನ ಮೊದಲ ಚಮಚಕ್ಕೇ ಬೀಗರ ಹುಬ್ಬು ಮೇಲೆ ಹೋಯಿತು: ಕಹಿ. ಪಪ್ಪಾಯಿಯ ಪಪೈನ್ ಎಂಬ ಕಿಣ್ವ ಹಾಲಿನ ಪ್ರೋಟೀನನ್ನು ತುಂಡರಿಸುತ್ತದೆ, ತುಂಡುಗಳು ಕಹಿಯಾಗುತ್ತವೆ. ಹಸಿ ಅನಾನಸ್ ಹಾಕಿದರೂ ಇದೇ ಗತಿ. ಆದ್ದರಿಂದ ಪಪ್ಪಾಯಿ ಬೇಕಾದರೆ ತಾಟಿಗೆ ಬಡಿಸುವಾಗ ಮೇಲಿಡಿ. ದಾಳಿಂಬೆ ಕಾಳೂ ಕೊನೆಗೇ. ಭಗವಾ ತಳಿಯ ಕೆಂಪು ಮೊಸರಿಗಿಳಿದರೆ ಚೆಂದ ಅನ್ನುವವರಿದ್ದಾರೆ, ನನಗೆ ಬಿಳಿಯ ಮೇಲೆ ಬಿಡಿ ಬಿಡಿ ಕೆಂಪು ಕಾಣಬೇಕು. ಎಲ್ಲಕ್ಕೂ ಮೇಲೆ ಹುರಿದು ಜಜ್ಜಿದ ಶೇಂಗಾ ಎರಡು ಚಮಚ. ಇದು ನನ್ನ ಸೇರ್ಪಡೆ, ಬೇಡದವರು ಬಿಡಬಹುದು. ನಮ್ಮ ಕಡೆ ಯಾರೂ ಬಿಡಲಿಕ್ಕಿಲ್ಲ.

ಶ್ರಾವಣದ ಸೋಮವಾರಗಳಲ್ಲಿ, ಬಾಗೇವಾಡಿಯ ಮೂಲ ನಂದೀಶ್ವರನಿಗೆ ಜನ ನೆರೆಯುವ ದಿನಗಳಲ್ಲಿ, ಉಪವಾಸದ ಮನೆಗಳಲ್ಲಿ ಫಳಾರ ನಡೆಯುತ್ತದೆ: ಬಾಳೆಹಣ್ಣು, ಶೇಂಗಾ, ಮೊಸರು, ಸಾಬೂದಾಣಿ. ಈ ಬಟ್ಟಲು ಅಲ್ಲಿಗೆ ಯಾರ ಅಪ್ಪಣೆಯನ್ನೂ ಕೇಳದೆ ಹೋಗಿ ಕೂರುತ್ತದೆ. ತೋಟದ ಮನೆಗಳಲ್ಲಿ ಬಟ್ಟಲಿಗೆ ಬೀಳುವುದು ಹೆಚ್ಚಾಗಿ ಸೀಳಿದ ದಾಳಿಂಬೆ, ಗೊನೆಯಿಂದ ಉದುರಿದ ದ್ರಾಕ್ಷಿ, ಕಲೆ ಬಿದ್ದ ಲಿಂಬೆ. ನೆಟ್ಟಗಿದ್ದದ್ದು ಪೆಟ್ಟಿಗೆ ಸೇರಿರುತ್ತದೆ. ಹೆಚ್ಚಿ ಮೊಸರಿನಲ್ಲಿ ಕಲಸಿದ ಮೇಲೆ ಯಾವುದು ಎಕ್ಸ್‌ಪೋರ್ಟಿನದು, ಯಾವುದು ಉಳಿದದ್ದು ಎಂದು ನಾಲಿಗೆಗೆ ತಿಳಿಯುವುದಿಲ್ಲ.

ಮೊಸರು ಮುಗಿದ ಗಡಿಗೆಯನ್ನು ನಾವು ಎಸೆಯುವುದಿಲ್ಲ. ನಮ್ಮ ಹಿತ್ತಲ ಗೋಡೆಯ ಮೇಲೆ ಅಂಥ ಮೂರಿವೆ, ಗುಬ್ಬಿಗಳಿಗೆ ನೀರಿಡಲು. ಏಪ್ರಿಲ್ ಬಿಸಿಲಿಗೆ ಮಣ್ಣು ತನ್ನ ಪಾಲು ಕುಡಿಯುತ್ತದೆ, ಗುಬ್ಬಿ ತನ್ನದು. ಮಧ್ಯಾಹ್ನ ಮೂರಕ್ಕೆ ಮತ್ತೆ ತುಂಬಬೇಕು.